ಬೀಫ್ ರೋಸ್ಟ್: ಗಡಿಯಾರ ಬಿಟ್ಟು ಥರ್ಮಾಮೀಟರ್ ನೋಡಿ

ಇಡೀ ತುಂಡು ಬೀಫ್ ರೋಸ್ಟ್ ಮಾಡಲು ಹೊರಟವರು ಮೊದಲು ಕೇಳುವುದು, "ಕೆಜಿಗೆ ಎಷ್ಟು ನಿಮಿಷ?" ನಾನು ಆ ಲೆಕ್ಕವನ್ನೇ ಇಟ್ಟುಕೊಳ್ಳುವುದಿಲ್ಲ. ದಪ್ಪ ಒಂದೇ ಆಗಿದ್ದರೆ 2 ಕೆಜಿಯ ತುಂಡೂ 3 ಕೆಜಿಯ ಉದ್ದನೆಯ ತುಂಡೂ ಹೆಚ್ಚುಕಡಿಮೆ ಒಟ್ಟಿಗೇ ಬೇಯುತ್ತವೆ. ಕಾವು ಹೊರಮೈಯಿಂದ ನಡುವಿನವರೆಗೆ ಸಾಗಬೇಕು, ಆ ದೂರವನ್ನು ತೀರ್ಮಾನಿಸುವುದು ದಪ್ಪ. ಅದಕ್ಕೇ ಒಂದು ಒಳ್ಳೆಯ ಥರ್ಮಾಮೀಟರ್ ಇಲ್ಲದೆ ಈ ಅಡುಗೆಗೆ ಕೈಹಾಕಬೇಡಿ ಎನ್ನುತ್ತೇನೆ. ಅದು ಸರಿಯಿದೆಯೇ ಎಂದು ಐಸ್ ಪುಡಿ ತುಂಬಿದ ನೀರಿನಲ್ಲಿ ಅದ್ದಿ ನೋಡಿ, 0 ಡಿಗ್ರಿ ತೋರಿಸಬೇಕು. ಕುದಿಯುವ ನೀರನ್ನು ನಂಬಬೇಡಿ, ಊರು ಎತ್ತರದಲ್ಲಿದ್ದಷ್ಟೂ ನೀರು ಕಡಿಮೆ ಕಾವಿನಲ್ಲೇ ಕುದಿಯುತ್ತದೆ.

ಮೂಳೆಯಿಲ್ಲದ ಮಾಂಸವಾದರೆ ತಲೆಗೆ 250ರಿಂದ 300 ಗ್ರಾಂ ಹಿಡಿಯುತ್ತೇನೆ. ಏಳೆಂಟು ಮಂದಿಗೆ 2 ಕೆಜಿ ಸಾಕು. ಬೆನ್ನಿನ ಸರ್ಲಾಯಿನ್ ಅಥವಾ ರಿಬ್ ಐ ಸಿಕ್ಕರೆ ಒಳ್ಳೆಯದು, ಎಳೆಗಳ ನಡುವೆ ಕೊಬ್ಬಿರುವುದರಿಂದ ಅವು ಸಣ್ಣಪುಟ್ಟ ತಪ್ಪನ್ನು ತಾಳಿಕೊಳ್ಳುತ್ತವೆ. ಹಿಂದೊಡೆಯ ಟಾಪ್‌ಸೈಡ್‌ನಿಂದಲೂ ಚೆಂದದ ರೋಸ್ಟ್ ಆಗುತ್ತದೆ, ಆದರೆ ಅದರಲ್ಲಿ ಕೊಬ್ಬು ಕಡಿಮೆ. 60 ಡಿಗ್ರಿ ದಾಟಿಸಿದರೆ ಒಣಗುತ್ತದೆ. ಭುಜದ ಚಕ್ ತುಂಡಿಗೆ ಈ ವಿಧಾನ ಹೊಂದುವುದೇ ಇಲ್ಲ. ಅದರ ಮಾತು ಕೊನೆಯಲ್ಲಿ ಬರುತ್ತದೆ.

ಉಪ್ಪು ಹಿಂದಿನ ದಿನವೇ ಬೀಳಬೇಕು. ಕೆಜಿಗೆ 12 ಗ್ರಾಂ, ಅದೂ ತೂಕ ಮಾಡಿ. ಪುಡಿ ಉಪ್ಪಿನ ಒಂದು ಚಮಚಕ್ಕೂ ಹರಳುಪ್ಪಿನ ಒಂದು ಚಮಚಕ್ಕೂ ತೂಕದಲ್ಲಿ ಬಹಳ ಅಂತರ. ಉಪ್ಪು ಮೊದಲು ಮಾಂಸದ ನೀರನ್ನು ಹೊರಗೆ ಎಳೆಯುತ್ತದೆ, ಆ ನೀರಿನಲ್ಲೇ ಕರಗಿ ನಿಧಾನವಾಗಿ ಒಳಗೆ ಇಳಿಯುತ್ತದೆ. ಓವನ್‌ಗೆ ಇಡುವ ಅರ್ಧ ಗಂಟೆ ಮೊದಲು ಸವರಿದರೆ ಮೊದಲ ಹಂತ ಮಾತ್ರ ಆಗಿರುತ್ತದೆ, ಒದ್ದೆ ಮೈಯ ಮಾಂಸವೇ ಒಳಗೆ ಹೋಗುತ್ತದೆ. ಉಪ್ಪು ಸವರಿದ ತುಂಡನ್ನು ಜಾಲರಿಯ ಮೇಲಿಟ್ಟು, ಏನೂ ಮುಚ್ಚದೆ, ಫ್ರಿಜ್‌ನ ಕೆಳಗಿನ ಹಲಗೆಯಲ್ಲಿ ಒಂದು ದಿನ ಬಿಡಿ. ಮೈ ಒಣಗಿ ಸ್ವಲ್ಪ ಕಪ್ಪಾಗುತ್ತದೆ, ಅದು ಹಾಗೇ ಆಗಬೇಕು. ಒದ್ದೆ ಮೈ ಕೆಂಪಗೆ ಹುರಿಯುವುದಿಲ್ಲ, ನೀರು ಆರಿಹೋಗುವ ತನಕ ಅಲ್ಲಿನ ಕಾವು 100 ಡಿಗ್ರಿಯ ಆಸುಪಾಸಿನಲ್ಲೇ ನಿಂತಿರುತ್ತದೆ.

ಮರುದಿನ ದಪ್ಪ ದಾರದಿಂದ ಮೂರು ನಾಲ್ಕು ಸೆಂಟಿಮೀಟರಿಗೊಂದು ಕಟ್ಟು ಹಾಕಿ ಗುಂಡಗೆ ಬಿಗಿಯುತ್ತೇನೆ. ಒಂದು ತುದಿ ತೆಳ್ಳಗೆ, ಇನ್ನೊಂದು ದಪ್ಪ ಉಳಿದರೆ ತೆಳ್ಳಗಿನ ತುದಿ ಒಣಗಿಹೋಗುತ್ತದೆ. ಎಳೆಗಳು ಯಾವ ದಿಕ್ಕಿಗೆ ಓಡಿವೆ ಎಂದು ಈಗಲೇ ನೋಡಿಟ್ಟುಕೊಳ್ಳಿ, ಹುರಿದ ಮೇಲೆ ಅದು ಕಾಣುವುದಿಲ್ಲ. ಕರಿಮೆಣಸಿನ ತರಿಯನ್ನು ಹಚ್ಚಬಹುದು. ಜಜ್ಜಿದ ಬೆಳ್ಳುಳ್ಳಿ ಬೇಡ, ಕೊನೆಯ ಜೋರು ಉರಿಗೆ ಕರಟಿ ಕಹಿಯಾಗುತ್ತದೆ.

ಓವನ್ 120 ಡಿಗ್ರಿ. ಅಂಚು ಗಿಡ್ಡವಾದ ಟ್ರೇ, ಅದರ ಮೇಲೆ ಜಾಲರಿ, ಅದರ ಮೇಲೆ ಮಾಂಸ. ಆಳವಾದ ಪಾತ್ರೆಯಾದರೆ ಹಬೆ ಸುತ್ತಲೂ ನಿಂತು ಮೈ ಬೆಳ್ಳಗೆ ಬೇಯುತ್ತದೆ. ಮೊದಲೇ ಬಾಣಲೆಯಲ್ಲಿ ಹುರಿದರೆ ರಸ ಒಳಗೇ ಉಳಿಯುತ್ತದೆ ಎಂಬ ಮಾತು ನಿಜವಲ್ಲ. ಹುರಿಯುವುದು ರುಚಿಗೆ, ಅದು ಕೊನೆಗೇ ಚೆಂದ. ಥರ್ಮಾಮೀಟರ್‌ನ ಮೊನೆ ಅತಿ ದಪ್ಪಗಿರುವ ಜಾಗದ ನಟ್ಟನಡುವೆ ಇರಬೇಕು. ಮೂಳೆಗೋ ಕೊಬ್ಬಿನ ಪದರಕ್ಕೋ ತಾಗಿದರೆ ಅಂಕಿ ತಪ್ಪಾಗುತ್ತದೆ. 10 ಸೆಂಟಿಮೀಟರ್ ದಪ್ಪದ ತುಂಡಿಗೆ ಎರಡು ಗಂಟೆಯ ಸುಮಾರು ಹಿಡಿಯುತ್ತದೆ. ಒಂದೂಕಾಲು ಗಂಟೆಯಿಂದಲೇ ಕಣ್ಣಿಡಿ.

ನಡುವಿನಲ್ಲಿ 52–53 ಡಿಗ್ರಿ ಬಂದಾಗ ಹೊರತೆಗೆಯುತ್ತೇನೆ. ಹೊರಗಿಟ್ಟ ಮೇಲೂ ಕಾವು ಒಳಕ್ಕೆ ಸಾಗುತ್ತಲೇ ಇದ್ದು 55–57ಕ್ಕೆ ನಿಲ್ಲುತ್ತದೆ: ಗುಲಾಬಿ ಬಣ್ಣ, ತುಂಬು ರಸ. 220 ಡಿಗ್ರಿಯ ಓವನ್‌ನಲ್ಲಿ ಮಾಡುವವರಿಗೆ ಈ ಏರಿಕೆ ಇನ್ನೂ ಹೆಚ್ಚು, ಏಳೆಂಟು ಡಿಗ್ರಿಯಾದರೂ ಆದೀತು. ಅಂಥ ಉರಿಯಲ್ಲಿ ಹೊರಸುತ್ತಿನ ಎರಡು ಬೆರಳಿನಷ್ಟು ಮಾಂಸ ಬೂದು ಬಣ್ಣಕ್ಕೆ ತಿರುಗಿ ಒಣಗುತ್ತದೆ, ನಡುವೆ ಮಾತ್ರ ಒಂದಿಷ್ಟು ಗುಲಾಬಿ ಉಳಿಯುತ್ತದೆ. 60–63ರಲ್ಲಿ ಗುಲಾಬಿ ಮಾಸುತ್ತದೆ. 70 ದಾಟಿದರೆ ಎಳೆಗಳು ಬಿಗಿದು ರಸವನ್ನು ಹಿಂಡಿಬಿಡುತ್ತವೆ. ತಟ್ಟೆಯಲ್ಲಿ ಕಾಣುವ ಕೆಂಪು ನೀರು ರಕ್ತವಲ್ಲ, ಮಯೋಗ್ಲೋಬಿನ್ ಎಂಬ ಪ್ರೋಟೀನ್ ಬೆರೆತ ಮಾಂಸದ ರಸ.

ಇಡೀ ತುಂಡಿನಲ್ಲಿ ರೋಗಾಣುಗಳು ಮುಖ್ಯವಾಗಿ ಹೊರಮೈ ಮೇಲಿರುತ್ತವೆ, ಅವು ಕಾವಿಗೆ ಸಾಯುತ್ತವೆ. ಬಿಡಿಸಿ ಸುರುಳಿ ಸುತ್ತಿದ ಅಥವಾ ಸೂಜಿಯಿಂದ ಚುಚ್ಚಿ ಮೆದು ಮಾಡಿದ ಮಾಂಸದಲ್ಲಿ ಹೊರಗಿನದು ಒಳಗೆ ಹೋಗಿರುತ್ತದೆ, ಅದನ್ನು ಗುಲಾಬಿಯಾಗಿ ಬಿಡಬೇಡಿ. ಮನೆಯಲ್ಲಿ ಬಸುರಿಯರು, ವಯಸ್ಸಾದವರು, ಪುಟ್ಟ ಮಕ್ಕಳಿದ್ದರೆ ಅವರಿಗೆಂದು ಇಡೀ ರೋಸ್ಟನ್ನು ಹೆಚ್ಚು ಬೇಯಿಸಬೇಕಿಲ್ಲ. ತುದಿಯ ಹೋಳುಗಳನ್ನು ತೆಗೆದು, ಗುಲಾಬಿ ಪೂರ್ತಿ ಹೋಗುವವರೆಗೆ ಗ್ರೇವಿಯಲ್ಲಿ ಕುದಿಸಿ ಬಡಿಸಿದರಾಯಿತು.

ಈ ವಿಧಾನದ ದೊಡ್ಡ ಅನುಕೂಲ ಊಟದ ಹೊತ್ತಿನದು. ಓವನ್‌ನಿಂದ ತೆಗೆದ ರೋಸ್ಟ್ ಅರ್ಧ ಗಂಟೆ ವಿಶ್ರಮಿಸಬೇಕು. ನೆಂಟರು ತಡವಾದರೆ ಫಾಯಿಲ್ ಸಡಿಲವಾಗಿ ಹೊದಿಸಿ ಒಂದು ಗಂಟೆಯವರೆಗೂ ಹಾಗೇ ಹೊರಗಿಡಬಹುದು. ಎಲ್ಲರೂ ಕೂರುವ ಹೊತ್ತಿಗೆ ಓವನ್ 250 ಡಿಗ್ರಿಗೆ ಏರಿರಲಿ. ಟ್ರೇನಲ್ಲಿ ಸೋರಿದ ಕೊಬ್ಬನ್ನು ಮೊದಲು ಬಸಿದುಕೊಳ್ಳಿ, ಇಲ್ಲದಿದ್ದರೆ ಅಡುಗೆಮನೆ ತುಂಬ ಹೊಗೆ. ರೋಸ್ಟನ್ನು ಮತ್ತೆ ಒಳಗಿಟ್ಟರೆ ಆರರಿಂದ ಹತ್ತು ನಿಮಿಷಕ್ಕೆ ಮೈಯೆಲ್ಲ ಗಾಢ ಕಂದು ಬಣ್ಣಕ್ಕೆ ಬರುತ್ತದೆ. ಈಗ ಮತ್ತೆ ವಿಶ್ರಾಂತಿ ಬೇಡ, ನೇರವಾಗಿ ಕೊಯ್ಯಬಹುದು. ದಾರ ತೆಗೆದು, ಎಳೆಗಳಿಗೆ ಅಡ್ಡವಾಗಿ, ಟಾಪ್‌ಸೈಡ್ ಆದರೆ 5 ಮಿಲಿಮೀಟರ್ ದಪ್ಪಕ್ಕೆ, ಸರ್ಲಾಯಿನ್ ಆದರೆ 1 ಸೆಂಟಿಮೀಟರ್‌ವರೆಗೆ. ಎಳೆಯ ಜೊತೆಗೇ ಉದ್ದುದ್ದ ಕೊಯ್ದರೆ ಎಷ್ಟು ಚೆನ್ನಾಗಿ ಬೆಂದ ಮಾಂಸವೂ ನಾರುನಾರಾಗಿ ಹಲ್ಲಿಗೆ ಸಿಕ್ಕುತ್ತದೆ.

ಸಣ್ಣ ಕಾವಿನಲ್ಲಿ ರಸ ಹೆಚ್ಚು ಸೋರುವುದಿಲ್ಲವಾದ್ದರಿಂದ ಗ್ರೇವಿಗೆ ಬೇರೆ ಸ್ಟಾಕ್ ಬೇಕು. ಮಾಂಸದ ಅಂಚು ಕತ್ತರಿಸಿದಾಗ ಉಳಿದ ಚೂರುಗಳನ್ನೂ ಒಂದು ಈರುಳ್ಳಿಯನ್ನೂ ಕಂದಾಗಿ ಹುರಿದು ನೀರು ಹಾಕಿ ಒಂದು ಗಂಟೆ ಕುದಿಸಿದರೆ ಸಾಕು. 2 ದೊಡ್ಡ ಚಮಚ ಕೊಬ್ಬು, ಅಷ್ಟೇ ಮೈದಾ, ಮೂರು ನಿಮಿಷ ಹುರಿದು, 500 ಮಿಲಿಲೀಟರ್ ಬಿಸಿ ಸ್ಟಾಕನ್ನು ಸ್ವಲ್ಪಸ್ವಲ್ಪವಾಗಿ ಸೇರಿಸಿ ಕದಡಿ, ಹತ್ತು ನಿಮಿಷ ಸಣ್ಣಗೆ ಕುದಿಸಿ. ಟ್ರೇ ರಸದಲ್ಲಿ ಆಗಲೇ ಉಪ್ಪಿರುತ್ತದೆ, ರುಚಿ ನೋಡಿಯೇ ಉಪ್ಪು ಹಾಕಿ.

ಇನ್ನು ಚಕ್. ಅದರ ತುಂಬ ಕೊಲಾಜೆನ್ ಎಂಬ, ಹೊತ್ತು ಹಿಡಿದು ಕರಗುವ ಗಟ್ಟಿ ನಾರಿನ ಪ್ರೋಟೀನ್ ಇರುವುದರಿಂದ 57 ಡಿಗ್ರಿಗೆ ತೆಗೆದರೆ ಅಗಿಯಲಾಗದು. ಮುಚ್ಚಳವಿರುವ ಭಾರಿ ಪಾತ್ರೆಯಲ್ಲಿ ಮಾಂಸದ ಮೂರನೇ ಒಂದು ಭಾಗದಷ್ಟು ಎತ್ತರಕ್ಕೆ ಸ್ಟಾಕ್ ಹಾಕಿ, 150 ಡಿಗ್ರಿಯಲ್ಲಿ ಮೂರರಿಂದ ಮೂರೂವರೆ ಗಂಟೆ ಬಿಡಿ. ನಡುವೆ 92–95 ಡಿಗ್ರಿ ಬಂದು, ಚುಚ್ಚಿದ ಫೋರ್ಕ್ ತಡೆಯಿಲ್ಲದೆ ತಿರುಗಬೇಕು. ಎರಡು ಗಂಟೆಗೆ ಮುಟ್ಟಿ ನೋಡಿದವರು ಗಟ್ಟಿಯಾಗಿದೆ, ಹೆಚ್ಚು ಬೆಂದುಹೋಯಿತು ಎಂದುಕೊಂಡು ತೆಗೆದುಬಿಡುತ್ತಾರೆ. ಇನ್ನೂ ಬೆಂದಿಲ್ಲ ಎಂಬುದೇ ಅದರ ಅರ್ಥ.

ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ, ಮೂರು ನಾಲ್ಕು ದಿನದಲ್ಲಿ ಮುಗಿಸಿ. ತಣ್ಣಗಿರುವಾಗ ತೆಳ್ಳಗೆ ಕೊಯ್ದರೆ ಬ್ರೆಡ್ ನಡುವೆ ಇಡಲು ಸೊಗಸು.