ಹೆಸರು ಆಮೇಲೆ, ಲೆಕ್ಕ ಮೊದಲು: ಕಲ್ಪನೆಯ ಲೋಕಕ್ಕೊಂದು ಪಂಚಾಂಗ

ಧಾರವಾಡದ ಕಥಾ ಕಮ್ಮಟಗಳಿಗೆ ಹೊಸಬರು ತರುವ ಕಲ್ಪನಾಲೋಕದ (ಫ್ಯಾಂಟಸಿ) ಕಾದಂಬರಿಗಳಲ್ಲಿ ಒಂದೇ ತಪ್ಪು ಮತ್ತೆ ಮತ್ತೆ ಕಣ್ಣಿಗೆ ಬೀಳುತ್ತದೆ. ಮೊದಲ ಪುಟದಲ್ಲೇ ಹನ್ನೆರಡು ತಿಂಗಳಿಗೂ ಮಿರುಗುವ ಹೆಸರುಗಳಿರುತ್ತವೆ. ಐವತ್ತನೇ ಪುಟದ ಹೊತ್ತಿಗೆ ಹುಣ್ಣಿಮೆಯಾದ ಹತ್ತೇ ದಿನಕ್ಕೆ ಇನ್ನೊಂದು ಹುಣ್ಣಿಮೆ, ಸುಗ್ಗಿಯ ತಿಂಗಳಲ್ಲಿ ಬಿತ್ತನೆ! ಹೆಸರನ್ನು ಕೊನೆಗಿಡಿ.

ಮೊದಲ ಹೆಜ್ಜೆ: ವರ್ಷಕ್ಕೆ ಎಷ್ಟು ದಿನ, ಹುಣ್ಣಿಮೆಯಿಂದ ಹುಣ್ಣಿಮೆಗೆ ಎಷ್ಟು ದಿನ ಎಂದು ಗೊತ್ತುಮಾಡಿ. ಒಬ್ಬನೇ ಚಂದ್ರ ಸಾಕು. ದಿನದ ತಾಸುಗಳನ್ನು ಮುಟ್ಟಬೇಡಿ.

ಎರಡನೆಯ ಹೆಜ್ಜೆಯಲ್ಲೇ ಎಲ್ಲರೂ ಎಡವುವುದು. ಚಂದ್ರನೂ ಸೂರ್ಯನೂ ಲೆಕ್ಕದಲ್ಲಿ ಕೂಡುವುದಿಲ್ಲ. ನಮ್ಮ ಚಾಂದ್ರಮಾಸ ಸುಮಾರು 29.53 ದಿನ, ಹನ್ನೆರಡು ಸೇರಿದರೆ 354. ಸೌರವರ್ಷ 365 ದಿನಕ್ಕಿಂತ ತುಸು ಹೆಚ್ಚು. ಉಳಿದ ಹನ್ನೊಂದು ದಿನ ಎಲ್ಲಿಗೆ ಹೋಗಬೇಕು? ಉತ್ತರ ನಮ್ಮ ಹಳ್ಳಿಗಳಲ್ಲೇ ಎರಡು ಬಗೆಯಾಗಿ ಸಿಗುತ್ತದೆ. ಮೊಹರಂ ಆ ದಿನಗಳನ್ನು ಬಿಟ್ಟುಬಿಡುತ್ತದೆ; ಹಾಗಾಗಿ ವರ್ಷವರ್ಷವೂ ಹಿಂದೆ ಸರಿದು, ಸುಮಾರು 33 ವರ್ಷಗಳಲ್ಲಿ ಬೇಸಿಗೆ, ಮಳೆ, ಚಳಿ ಎಲ್ಲವನ್ನೂ ಸುತ್ತಿ ಬರುತ್ತದೆ. ಯುಗಾದಿಯ ಲೆಕ್ಕ ಆ ದಿನಗಳನ್ನು ಕೂಡಿಟ್ಟು, 19 ವರ್ಷಗಳಿಗೆ ಏಳರಂತೆ ಅಧಿಕ ಮಾಸ ಸೇರಿಸುತ್ತದೆ. ನಿಮ್ಮ ಲೋಕಕ್ಕೆ ಇವೆರಡರಲ್ಲಿ ಒಂದನ್ನು ಆರಿಸಲೇಬೇಕು.

ಅಧಿಕ ಮಾಸವನ್ನೇ ಆರಿಸಿ ಎಂಬುದು ನನ್ನ ಸಲಹೆ, ಅದರಲ್ಲಿ ಕಥೆಯಿದೆ. ವರ್ಷ 380 ದಿನ, ತಿಂಗಳು 31 ದಿನ ಎಂದಿಟ್ಟುಕೊಳ್ಳಿ. ಹನ್ನೆರಡು ತಿಂಗಳಿಗೆ 372. ವರ್ಷಕ್ಕೆ ಎಂಟು ದಿನ ಉಳಿಯುತ್ತದೆ. 31 ವರ್ಷಗಳಲ್ಲಿ ಆ ಉಳಿಕೆ 248 ದಿನ, ಅಂದರೆ ಸರಿಯಾಗಿ ಎಂಟು ತಿಂಗಳು. ಏಳು ಸಲ ನಾಲ್ಕು ವರ್ಷಕ್ಕೊಮ್ಮೆ, ಒಂದು ಸಲ ಮೂರೇ ವರ್ಷಕ್ಕೆ ಹೆಚ್ಚುವರಿ ತಿಂಗಳು ಬರುತ್ತದೆ. ಆ ಮೂರರ ಸರದಿ ಯಾವಾಗ ಎಂದು ಸಾರುವವರು ಯಾರು, ಅರಸನೋ ಪೂಜಾರಿಯೋ? ಸಾಲಗಾರ ಹದಿಮೂರನೆಯ ತಿಂಗಳಿಗೂ ಬಡ್ಡಿ ಕಟ್ಟಬೇಕೇ? ಜೀತದವನಿಗೆ ಆ ತಿಂಗಳ ಕಾಳು ಸಿಗುತ್ತದೆಯೇ? ಇವುಗಳಿಗೆ ಉತ್ತರ ಬರೆದಿಟ್ಟುಕೊಳ್ಳದೆ ಮುಂದೆ ಹೋಗಬೇಡಿ.

ಇದೆಲ್ಲ ಬೇಡ, ಮೂವತ್ತು ದಿನದ ತಿಂಗಳು ಹನ್ನೆರಡು ಇರಲಿ ಎನ್ನುವವರು ಹುಣ್ಣಿಮೆಯನ್ನು ಹದಿನೈದನೆಯ ತಾರೀಖಿಗೆ ಕಟ್ಟಿಹಾಕಬಾರದು, ಅಷ್ಟೇ. ಗುಂಡಿ ಒತ್ತಿದರೆ ಪಂಚಾಂಗ ಹೊರಬರುವ ತಂತ್ರಾಂಶಗಳನ್ನೂ ನಂಬಬೇಡಿ. ನಾನು ನೋಡಿದವು ಅಂದದ ಕೋಷ್ಟಕ ಕೊಡುತ್ತವೆ, ಉಳಿದ ದಿನಗಳ ಮಾತೇ ಎತ್ತುವುದಿಲ್ಲ.

ಮೂರನೆಯದು ರೈತನ ಲೆಕ್ಕ. ಅಧಿಕ ಮಾಸವಿದ್ದರೂ ತಿಂಗಳುಗಳು ಹಿಂದುಮುಂದು ಸರಿಯುತ್ತಲೇ ಇರುತ್ತವೆ. ಅವನ್ನು ನೆಚ್ಚಿ ಬಿತ್ತಲಾಗದು. ಅದಕ್ಕೇ ಹಾವೇರಿ ಸೀಮೆಯ ರೈತ ರೋಹಿಣಿ ಮಳೆ, ಮೃಗಶಿರ ಮಳೆ ಎಂದು ಎಣಿಸುತ್ತಾನೆ. ಸೂರ್ಯನ ದಾರಿಯನ್ನು 27 ನಕ್ಷತ್ರಗಳಿಗೆ ಹಂಚಿದರೆ ಒಂದೊಂದು ಮಳೆಗೆ ಹದಿಮೂರೂವರೆ ದಿನ ಬರುತ್ತದೆ. ನಿಮ್ಮ ಲೋಕದಲ್ಲೂ ಗುಡಿಗೆ ಚಂದ್ರನ ಎಣಿಕೆ, ಹೊಲಕ್ಕೆ ಸೂರ್ಯನ ಎಣಿಕೆ ಜೊತೆಜೊತೆಗಿರಲಿ.

ವಾರಕ್ಕೆ ಆಕಾಶದ ಹಂಗಿಲ್ಲ. ಸಂತೆ ಎಷ್ಟು ದಿನಕ್ಕೊಮ್ಮೆಯೋ ಅಷ್ಟೇ ವಾರ.

ವರ್ಷ ಎಣಿಸುವುದು ಎಲ್ಲಿಂದ? ಗದಗ ಸೀಮೆಯ ಶಾಸನಗಳನ್ನು ನೋಡಿ. ಕಲ್ಯಾಣ ಚಾಳುಕ್ಯರ ಅರಸ ಆರನೆಯ ವಿಕ್ರಮಾದಿತ್ಯ ಶಕವರ್ಷವನ್ನು ಬದಿಗಿಟ್ಟು 1076ರಲ್ಲಿ ಚಾಳುಕ್ಯ ವಿಕ್ರಮ ವರ್ಷವನ್ನು ಆರಂಭಿಸಿದ. ಅವನ ವಂಶ ಅಳಿದ ಮೇಲೆ ಆ ಎಣಿಕೆ ಬಾಳಲಿಲ್ಲ, ಶಕವರ್ಷ ಉಳಿಯಿತು. ಯಾವ ಪಾತ್ರ ಯಾವ ಶಕೆಯಲ್ಲಿ ತಾರೀಖು ಬರೆಯುತ್ತದೆ ಎಂಬುದರಿಂದಲೇ ಅದು ಯಾರ ಪಕ್ಷವೆಂದು ಓದುಗರಿಗೆ ತಿಳಿಯಬೇಕು. ಅರವತ್ತು ಸಂವತ್ಸರಗಳಂಥ ಸುತ್ತು ಸೇರಿಸಿದರೆ ಅದರ ಜೊತೆ ಅರಸನ ಹೆಸರನ್ನೂ ಬರೆಸಿ. ಬರೀ ಸಂವತ್ಸರದ ಹೆಸರಿದ್ದರೆ ತಾತನ ಕಾಲವೋ ಮೊಮ್ಮಗನ ಕಾಲವೋ ತಿಳಿಯದು.

ಈಗ ಹೆಸರು. ಕಾರ ಹುಣ್ಣಿಮೆ, ಮಣ್ಣೆತ್ತಿನ ಅಮಾವಾಸ್ಯೆ, ಸೀಗಿ ಹುಣ್ಣಿಮೆ: ಇವು ಎತ್ತು, ಮಣ್ಣು, ಬೆಳೆಗಳ ನಡುವೆ ಹುಟ್ಟಿದ ಹೆಸರುಗಳು. ನಿಮ್ಮ ಜನ ಆ ತಿಂಗಳಲ್ಲಿ ಏನು ಮಾಡುತ್ತಾರೋ ಅದರಿಂದಲೇ ಹೆಸರು ತೆಗೆಯಿರಿ, ನಿಘಂಟಿನಿಂದ ಬೇಡ.

ಕೊನೆಗೆ ಒಂದು ಉದ್ದ ನೋಟ್‌ಬುಕ್ಕಿನಲ್ಲಿ ಅಧ್ಯಾಯ, ತಾರೀಖು, ಚಂದ್ರನ ಕಲೆ, ಹೊಲದಲ್ಲಿರುವ ಪೈರು ಎಂದು ನಾಲ್ಕು ಅಂಕಣ ಎಳೆದು, ಪ್ರತಿ ಅಧ್ಯಾಯ ಮುಗಿದ ದಿನವೇ ತುಂಬಿರಿ.