ಮರದ ಪುಡಿಯಲ್ಲಿ ಲೋಹದ ಹೆಣ್ಣು: ಒಂದು ಕವಚ ಕಟ್ಟಿದ ನನ್ನ ಅನುಭವ

ರಂಗಭೂಮಿಗೆ ಪರಿಕರಗಳನ್ನು ಮಾಡಿಕೊಡುವ ನನಗೆ, ಫ್ರಿಟ್ಜ್ ಲಾಂಗ್ ನಿರ್ದೇಶನದ ‘ಮೆಟ್ರೊಪೊಲಿಸ್’ ಮೂಕಿಚಿತ್ರದ ಯಂತ್ರಮಾನವಿಯನ್ನು ಸೊಂಟದವರೆಗಾದರೂ ಆಳೆತ್ತರದಲ್ಲಿ ಕಟ್ಟಬೇಕೆಂಬ ಆಸೆ ಬಹಳ ಕಾಲದಿಂದ ಇತ್ತು. 1927ರ ಜನವರಿಯಲ್ಲಿ ಬರ್ಲಿನ್ನಿನಲ್ಲಿ ಮೊದಲ ಪ್ರದರ್ಶನ ಕಂಡ ಆ ಚಿತ್ರದ ಮೂಲ ಕವಚ ಇಂದು ಉಳಿದಿಲ್ಲವಾದ್ದರಿಂದ ಚಿತ್ರದ ದೃಶ್ಯಗಳು ಮತ್ತು ಸ್ಥಿರಚಿತ್ರಗಳೇ ನನಗೆ ಆಧಾರವಾದವು.

ಮೊದಲು ತೆಳುವಾದ ಅಲ್ಯುಮಿನಿಯಂ ತಗಡನ್ನು ಬಡಿದು ನೋಡಿದೆ. ಭುಜದಂತೆ ಎರಡು ದಿಕ್ಕಿನಲ್ಲಿ ಬಾಗುವ ಜಾಗಗಳಲ್ಲೆಲ್ಲ ತಗಡು ಸುಕ್ಕುಗಟ್ಟಿತು. ಚಿತ್ರದ ಮೂಲ ಕವಚವನ್ನು ಮಾಡಿದ ಶಿಲ್ಪಿ ವಾಲ್ಟರ್ ಶುಲ್ಟ್ಸೆ-ಮಿಟ್ಟೆನ್‌ಡಾರ್ಫ್ ಅವರೂ ಮೊದಲು ತಾಮ್ರದ ತಗಡನ್ನು ಯೋಚಿಸಿ, ಅದು ಭಾರವೆಂದು ಕೈಬಿಟ್ಟು, ಆಕಸ್ಮಿಕವಾಗಿ ಕಣ್ಣಿಗೆ ಬಿದ್ದ ‘ಪ್ಲಾಸ್ಟಿಕ್ ವುಡ್’ ಎಂಬ, ಕಣಕದಂತೆ ನಾದಬಹುದಾದ ಮತ್ತು ಒಣಗಿದ ಮೇಲೆ ಮರದಂತೆ ಗಟ್ಟಿಯಾಗುವ ವಸ್ತುವನ್ನು ಹಿಡಿದರೆಂಬುದು ಆಮೇಲೆ ತಿಳಿಯಿತು.

ನಾನು ಸೋಸಿದ ಮರದ ಪುಡಿಗೆ ಫೆವಿಕಾಲ್ ಬೆರೆಸಿ, ಬಟ್ಟೆ ಅಂಗಡಿಯ ಬೊಂಬೆಯ ಮೇಲೆ ಒಂದೇ ಚಿಪ್ಪಾಗಿ ಮೆತ್ತಿದೆ. ಒಣಗುತ್ತ ಕುಗ್ಗಿ, ಪಕ್ಕೆಯುದ್ದಕ್ಕೂ ಸೀಳಿತು. ಸೀಳದಿದ್ದ ಭಾಗವೂ ಮಡಕೆಯಂತೆ ಕಾಣುತ್ತಿತ್ತೇ ಹೊರತು ಯಂತ್ರದಂತೆ ಕಾಣುತ್ತಿರಲಿಲ್ಲ.

ಮತ್ತೆ ಸ್ಥಿರಚಿತ್ರಗಳ ಮುಂದೆ ಕುಳಿತಾಗ, ಆ ಮೈ ವಿಗ್ರಹವಲ್ಲ, ತೊಡುವ ಉಡುಪು ಎಂಬುದು ಸ್ಪಷ್ಟವಾಯಿತು. ಶುಲ್ಟ್ಸೆ-ಮಿಟ್ಟೆನ್‌ಡಾರ್ಫ್ ನಟಿ ಬ್ರಿಗಿಟೆ ಹೆಲ್ಮ್ ಅವರ ದೇಹದ ಪ್ಲಾಸ್ಟರ್ ಅಚ್ಚು ತೆಗೆದು, ಗೋಣಿಬಟ್ಟೆಯ ಮೇಲೆ ಆ ಕಣಕವನ್ನು ತೆಳ್ಳಗೆ ಹರಡಿ, ಯೋಧರ ಕವಚದ ಹಾಗೆ ತುಂಡು ತುಂಡಾಗಿ ಅಚ್ಚಿನ ಮೇಲೆ ಒತ್ತಿದ್ದರು. ನಾನೂ ಹಾಗೆಯೇ ಮಾಡಿದೆ. ಕವಚ ತೊಡಲು ಒಪ್ಪಿದ ನನ್ನ ಅಕ್ಕನ ಮಗಳ ಮೈಯಳತೆಗೆ ಬೊಂಬೆಯನ್ನು ತಿದ್ದಿ, ಪ್ಲಾಸ್ಟಿಕ್ ಹಾಳೆ ಸುತ್ತಿ, ಗೋಣಿಯ ಮೇಲಿನ ಕಣಕವನ್ನು ಲಟ್ಟಣಿಗೆಯಿಂದ ಎರಡು ಮಿಲಿಮೀಟರಿಗೆ ಇಳಿಸಿ, ಹಸಿಯಿರುವಾಗಲೇ ಕತ್ತರಿಸಿ ಕೂರಿಸಿದೆ. ಹಿಂದೆ ಗೋಣಿಯ ಎಳೆಗಳ ಹಿಡಿತವಿದ್ದುದರಿಂದ ಈ ಬಾರಿ ಸೀಳಲಿಲ್ಲ. ತುಂಡು ತುಂಡುಗಳ ನಡುವೆ ಉಳಿದ ಕಪ್ಪು ಗೆರೆಯೇ ನಾನು ಇಷ್ಟು ದಿನ ಹುಡುಕುತ್ತಿದ್ದ ಯಂತ್ರದ ನೋಟವನ್ನು ತಂದುಕೊಟ್ಟಿತು.

ಮುಖಕ್ಕೇ ಹೆಚ್ಚು ಕಾಲ ಹಿಡಿಯಿತು, ಏಕೆಂದರೆ ಎಡಬಲಗಳು ಕೂದಲೆಳೆಯಷ್ಟು ತಪ್ಪಿದರೂ ಅದು ಯಂತ್ರದ ಮುಖವಾಗದೆ, ಸೊಟ್ಟಗಾದ ಮನುಷ್ಯಮುಖವಾಗುತ್ತದೆ. ಪುಟ್ಟಿ ಬಳಿದು ಉಪ್ಪುಕಾಗದದಿಂದ ಉಜ್ಜುವ ಕೆಲಸವನ್ನು ದೀಪವನ್ನು ಪಕ್ಕದಲ್ಲಿಟ್ಟುಕೊಂಡೇ ಮಾಡಬೇಕು. ಎದುರು ಬೆಳಕಿನಲ್ಲಿ ಕಾಣದ ತಗ್ಗುಗಳು ಆಗ ನೆರಳಾಗಿ ಎದ್ದು ಕಾಣುತ್ತವೆ. ಮೂಲ ಕವಚಕ್ಕೆ ಬೆಳ್ಳಿಬಣ್ಣದ ಲೋಹದ ಪುಡಿಯನ್ನು ಲ್ಯಾಕರಿನಲ್ಲಿ ಬೆರೆಸಿ ಸಿಂಪಡಿಸಿದ್ದರು. ನಾನು ಅದನ್ನೇ ಅಲ್ಯುಮಿನಿಯಂ ಪುಡಿಯಿಂದ, ಅತಿ ತೆಳುವಾದ ನಾಲ್ಕು ಪದರಗಳಲ್ಲಿ ಮಾಡಿದೆ.

ಹುಡುಗಿ ಕವಚ ತೊಟ್ಟು ಕುರ್ಚಿಯಲ್ಲಿ ಕುಳಿತಾಗ ಕೆಳಗಿನ ಅಂಚು ಹೊಟ್ಟೆಗೆ ಒತ್ತಿ ಕೆಂಪು ಗೆರೆ ಮೂಡಿತು. ಆಗಿನ್ನೂ ಎಳೆಯ ವಯಸ್ಸಿನ ಹೆಲ್ಮ್ ಅವರಿಗೂ ಚಿತ್ರೀಕರಣದ ವೇಳೆ ಕವಚ ಗೀರಿ ಗಾಯಗಳಾಗುತ್ತಿದ್ದವೆಂದು ಓದಿದ್ದೆನಾದರೂ ಅದರ ಅರ್ಥ ನನಗೆ ತಿಳಿದದ್ದು ಆ ಗೆರೆಯನ್ನು ಕಂಡ ಕ್ಷಣದಲ್ಲಿ. ಅಂದೇ ಸೊಂಟದ ಮತ್ತು ಕಂಕುಳಿನ ತುಂಡುಗಳನ್ನು ಬೆರಳಗಲ ಕತ್ತರಿಸಿ, ಒಳಗೆ ಮೆತ್ತನೆಯ ಬಟ್ಟೆ ಅಂಟಿಸಿದೆ.