ಮರಳು ಚೀಲ ಮತ್ತು ಟೇಪು: ಚಿಕ್ಕಮಗಳೂರಿನ ಮಹಿಳಾ ಬ್ಯಾಚ್

ಹೆಂಗಸರು ಭಾರ ಎತ್ತಿದರೆ ಗರ್ಭಕೋಶ ಜಾರುತ್ತೆ, ವಾಕಿಂಗೇ ಸಾಕು ಅಂದವರು ಇಲ್ಲಿ ಬಹಳ. ಈಗ ಅದೇ ಮನೆಗಳ ಅತ್ತೆ-ಸೊಸೆಯರು ಮರಳು ಚೀಲ ಎತ್ತುವ ನಮ್ಮ ವ್ಯಾಯಾಮದ ಬ್ಯಾಚಿಗೆ ಒಟ್ಟಿಗೆ ಬರುತ್ತಾರೆ. ಮಲೆನಾಡಿನಲ್ಲಿ ವಾಕಿಂಗ್ ಜೂನ್‌ನಲ್ಲೇ ನಿಂತುಹೋಗುತ್ತದೆ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ ಪ್ರಕಾರ ರಾಜ್ಯದಲ್ಲಿ ತೂಕ ಮೀರಿದ ಮಹಿಳೆಯರು 2015-16ರಲ್ಲಿ ಶೇ 23ರಷ್ಟಿದ್ದರು, 2019-21ಕ್ಕೆ ಶೇ 30 ಆದರು. ಆಗ ದೇಶದ ಸರಾಸರಿ ಶೇ 24.

ಡಂಬೆಲ್ಸ್‌ಗೆ ಕೆಜಿಗೆ ನೂರಕ್ಕಿಂತ ಹೆಚ್ಚು, ಇಡೀ ಬ್ಯಾಚಿಗೆ ಗಿಟ್ಟದು. ಮರಳು ಚೀಲ ಒಂದಕ್ಕೆ ಹೊಲಿಗೆ ಸೇರಿ ಇನ್ನೂರರ ಆಸುಪಾಸು. ಬರೀ ಕಾಫಿ ಗೋಣಿಯಲ್ಲಿ ತುಂಬಿದರೆ ಮರಳು ಸೋರುತ್ತದೆ, ಥಂಡಿ ಹಿಡಿದು ತೂಕವೂ ಏರುತ್ತದೆ. ಜರಡಿ ಹಿಡಿದು ಒಣಗಿಸಿದ ಮರಳನ್ನು ದಪ್ಪ ಪ್ಲಾಸ್ಟಿಕ್ ಕವರಿಗೆ ಹಾಕಿ, ಮೇಲೊಂದು ಕವರ್ ಸುತ್ತಿ ಟೇಪ್ ಹಚ್ಚಿ, ಕ್ಯಾನ್ವಾಸ್ ಚೀಲಕ್ಕಿಳಿಸಬೇಕು. ಕಾಲು ಭಾಗ ಖಾಲಿ ಬಿಡಿ. ಬಿಗಿಯಾಗಿ ತುಂಬಿದರೆ ಹೊಲಿಗೆ ಬಿಟ್ಟುಕೊಳ್ಳುತ್ತದೆ. 4, 6, 10 ಕೆಜಿ ಸಾಕು.

ವಾರಕ್ಕೆ ಮೂರು ದಿನ, ನಲವತ್ತು ನಿಮಿಷ: ಕುರ್ಚಿಯಿಂದ ಎದ್ದು ಕೂರುವ ಸ್ಕ್ವಾಟ್, ನೆಲದಿಂದ ಎತ್ತುವುದು, ಗೋಡೆ ಪುಷಪ್, ಚೀಲ ಹೊತ್ತು ನಡೆಯುವುದು. ಪ್ರತಿಯೊಂದೂ ಎಂಟರಿಂದ ಹನ್ನೆರಡು ಸಲದ ಮೂರು ಸೆಟ್. ಸತತ ಎರಡು ದಿನ ಹನ್ನೆರಡು ಸಲೀಸಾದರೆ ಮಾತ್ರ ಭಾರ ಏರಿಸಿ. ಮಂಡಿ ಒಳಕ್ಕೆ ವಾಲಿದರೆ ಕೂಡಲೇ ಭಾರ ಇಳಿಸಿ. ಎತ್ತುವಾಗ ಉಸಿರು ಕಟ್ಟಿದರೆ ಬಿಪಿ ಏರುತ್ತದೆ. ಉಸಿರು ಬಿಡುತ್ತಾ ಎತ್ತಿಸಿ. ರಾಜ್ಯದ ಅರ್ಧದಷ್ಟು ಮಹಿಳೆಯರಿಗೆ ರಕ್ತಹೀನತೆ ಇರುವುದರಿಂದ ಸೇರಿಸುವ ಮೊದಲು ಹಿಮೋಗ್ಲೋಬಿನ್ ರಿಪೋರ್ಟ್ ನೋಡಲೇಬೇಕು. ಗರ್ಭಕೋಶ ಈಗಾಗಲೇ ಜಾರಿದ್ದರೆ ಮೊದಲು ವೈದ್ಯರು, ಆಮೇಲೆ ಚೀಲ.

ತೂಕದ ಯಂತ್ರವನ್ನು ಒಳಗಿಟ್ಟದ್ದೇ ಬ್ಯಾಚ್ ಉಳಿಸಿತು. ಮೊದಲ ಎರಡು ತಿಂಗಳು ಮುಳ್ಳು ಕದಲುವುದಿಲ್ಲ, ಅಲ್ಲೇ ಅರ್ಧ ಜನ ಬಿಡುತ್ತಾರೆ, ಫೀಸೂ ಹೋಗುತ್ತದೆ. ಅಳತೆ ಟೇಪ್ ಹಿಡಿಯಿರಿ: ಕೊನೆಯ ಪಕ್ಕೆಲುಬು ಮತ್ತು ಸೊಂಟದ ಮೂಳೆಯ ನಡುವೆ, ಉಸಿರು ಬಿಟ್ಟಾಗ, ಬೆಳಗ್ಗೆ ಖಾಲಿ ಹೊಟ್ಟೆಯಲ್ಲಿ. ನಮ್ಮ ಮಹಿಳೆಯರಿಗೆ ದಾಟಬಾರದ ಗೆರೆ 80 ಸೆಂಮೀ. ಮಳೆ ಮುಗಿಯುವಷ್ಟರಲ್ಲಿ ಹೆಚ್ಚಿನವರಿಗೆ ನಾಲ್ಕೈದು ಸೆಂಮೀ ಇಳಿದಿತ್ತು. ಈ ಊರಿನಲ್ಲಿ ಬರೀ ವಾಕಿಂಗ್ ಮಾಡಿಸಿ ಇಷ್ಟು ಇಳಿಸಿದವರನ್ನು ಕಾಣೆ. ಮೂರನೇ ತಿಂಗಳು ಯಾರೂ ಬಿಡದಂತೆ ಹಿಡಿಯುವ ಉಪಾಯವೊಂದಿದೆ, ಅದು ನಮ್ಮಲ್ಲೇ ಇರಲಿ.

ಊಟದಲ್ಲೂ ಪ್ರಯೋಗ ನಡೆಯಿತು. ಅಕ್ಕಿ ಬಿಟ್ಟು ರಾಗಿ ಮುದ್ದೆ ಹಿಡಿದವರ ಸೊಂಟ ಅಲ್ಲಾಡಲಿಲ್ಲ. ಹಿಟ್ಟಿನ ಲೆಕ್ಕದಲ್ಲಿ ಎರಡರ ಕ್ಯಾಲೊರಿಯೂ ಹೆಚ್ಚುಕಡಿಮೆ ಒಂದೇ. ಮುದ್ದೆ ಅರ್ಧ ಮಾಡಿ ಹುರುಳಿಕಾಳು ಇಮ್ಮಡಿಸಿದಾಗ ಇಳಿಯತೊಡಗಿತು. ಕಾಫಿಯನ್ನು ಬಿಡಿಸಲು ಹೋಗಬೇಡಿ, ಇಲ್ಲಿ ನಡೆಯದು. ದಿನಕ್ಕೆ ಐದು ಲೋಟ, ಲೋಟಕ್ಕೆ ಎರಡು ಚಮಚ ಅಂದರೆ ಸಕ್ಕರೆಯೇ 40-50 ಗ್ರಾಂ. ವಾರಕ್ಕೆ ಅರ್ಧ ಚಮಚದಂತೆ ಇಳಿಸುತ್ತಾ ಬಂದರೆ ನಾಲಿಗೆ ಒಗ್ಗುತ್ತದೆ.